ಅಪೂರ್ಣ ದಾಖಲೆಯ ಕಾರಣಕ್ಕೆ ತಿರಸ್ಕೃತವಾದ ಅರ್ಜಿಗಳು ಮತ್ತು ನ್ಯಾಯಾಲಯಗಳು

ಸರ್ಕಾರಿ ಕಚೇರಿಗೋ ಪ್ರಾಧಿಕಾರಕ್ಕೋ ಸಲ್ಲಿಸಿದ ಅರ್ಜಿಯ ಹುರುಳನ್ನು ಪರಿಶೀಲಿಸದೆ, ಲಗತ್ತು ಇಲ್ಲ, ನಮೂನೆ ಸರಿಯಿಲ್ಲ, ಅಂಕಣ ಖಾಲಿ ಇದೆ ಎಂಬ ಕಾರಣ ಕೊಟ್ಟು ತಳ್ಳಿಹಾಕುವುದುಂಟು. ಇಂಥ ತಿರಸ್ಕಾರವನ್ನು ಪ್ರಶ್ನಿಸಿ ಹೂಡುವ ವ್ಯಾಜ್ಯಗಳು ಭಾರತದ ಆಡಳಿತ ಕಾನೂನಿನಲ್ಲಿ ಒಂದು ಪ್ರತ್ಯೇಕ ವರ್ಗವಾಗಿಯೇ ಬೆಳೆದಿವೆ. ಜಮೀನಿನ ಸಕ್ರಮೀಕರಣ, ಅರಣ್ಯಹಕ್ಕು, ಸರ್ಕಾರಿ ನೇಮಕಾತಿ, ಕಾಲೇಜು ಪ್ರವೇಶ, ಚುನಾವಣಾ ನಾಮಪತ್ರ, ಟೆಂಡರ್, ಕಟ್ಟಡ ಪರವಾನಗಿ, ಪಿಂಚಣಿ ಇವೆಲ್ಲ ಅದರ ವ್ಯಾಪ್ತಿಗೆ ಬರುತ್ತವೆ. ಕರ್ನಾಟಕದಲ್ಲಿ ಇಂಥ ತಿರಸ್ಕಾರ ಸಾಮಾನ್ಯವಾಗಿ ‘ಹಿಂಬರಹ’ದ ರೂಪದಲ್ಲಿ ಅರ್ಜಿದಾರರ ಕೈಗೆ ಬರುತ್ತದೆ. ಒಂದೆರಡು ಸಾಲಿನ ಆ ಹಿಂಬರಹವೇ ಮುಂದೆ ಮೇಲ್ಮನವಿಗೂ ರಿಟ್ ಅರ್ಜಿಗೂ ಆಧಾರಪತ್ರವಾಗುತ್ತದೆ.

ಈ ವ್ಯಾಜ್ಯಗಳಲ್ಲಿ ನ್ಯಾಯಾಲಯಗಳ ತೀರ್ಮಾನ ಮೇಲ್ನೋಟಕ್ಕೆ ಒಂದು ಕಡೆ ಉದಾರ, ಇನ್ನೊಂದು ಕಡೆ ಕಠಿಣ ಎನಿಸುತ್ತದೆ. ಒಳಗೆ ಮಾತ್ರ ಒಂದೇ ಎಳೆ ಓಡುತ್ತದೆ. ಕಾಗದ ಇತ್ತೇ ಇಲ್ಲವೇ ಎಂಬುದಕ್ಕಿಂತ ಆ ಕಾಗದವನ್ನು ಕೇಳಿದ್ದು ಯಾತಕ್ಕೆ ಎಂಬುದನ್ನು ನ್ಯಾಯಾಲಯಗಳು ನೋಡುತ್ತವೆ. ಅರ್ಹತೆ ಮೊದಲೇ ಇದ್ದು ಕಾಗದ ಅದಕ್ಕೆ ಸಾಕ್ಷಿ ಮಾತ್ರವಾಗಿದ್ದರೆ, ಸಾಕ್ಷಿ ತಡವಾಗಿ ಬಂದರೂ ನಡೆಯಬಹುದು. ಕಾಗದವೇ ಅರ್ಹತೆಯ ಭಾಗವೆಂದು ನಿಯಮ ಹೇಳಿದ್ದರೆ ತಡವಾಗಿ ತಂದದ್ದಕ್ಕೆ ಬೆಲೆಯಿಲ್ಲ.

ಪ್ರಾದೇಶಿಕ ಹಿನ್ನೆಲೆ

ಹಾಸನ ಜಿಲ್ಲೆಯ ಅರಸೀಕೆರೆ, ಬೇಲೂರು, ಹಳೇಬೀಡು ಭಾಗವನ್ನು ನೋಡಿದರೆ ಈ ವಿಷಯದ ಹಲವು ಮುಖಗಳು ಒಟ್ಟಿಗೆ ಕಾಣುತ್ತವೆ. ಅರಸೀಕೆರೆಯ ಸುತ್ತಿನದು ಮಳೆಯನ್ನೇ ನಂಬಿದ ಬಯಲು ಸೀಮೆ. ತೆಂಗು, ರಾಗಿಯ ನಾಡು. ಇಂಥ ಸೀಮೆಗಳಲ್ಲಿ ಗೋಮಾಳ ಮತ್ತು ಸರ್ಕಾರಿ ಖರಾಬು ಜಮೀನಿನಲ್ಲಿ ತಲೆಮಾರುಗಳಿಂದ ಉಳುತ್ತ ಬಂದವರ ಸಕ್ರಮೀಕರಣದ ಅರ್ಜಿಗಳು ತಾಲ್ಲೂಕು ಕಚೇರಿಯ ಕಡತಗಳಲ್ಲಿ ದೊಡ್ಡ ಪಾಲು ಪಡೆಯುತ್ತವೆ. ಬೇಲೂರಿನ ಚೆನ್ನಕೇಶವ, ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯಗಳು ಸೋಮನಾಥಪುರದ ಕೇಶವ ದೇವಾಲಯದೊಂದಿಗೆ 2023ರ ಸೆಪ್ಟೆಂಬರ್‌ನಲ್ಲಿ ಯುನೆಸ್ಕೋ ವಿಶ್ವಪರಂಪರೆ ಪಟ್ಟಿಗೆ ಸೇರಿದವು. ಅಲ್ಲಿ ಮನೆಗೆ ಮಹಡಿ ಏರಿಸುವವರಿಗೂ ಸ್ಮಾರಕ ಕಾನೂನಿನ ಕಾಗದಪತ್ರ ಬೇಕು.

ಆಡಳಿತದಲ್ಲಿ ಈ ಮೂರು ಊರುಗಳ ದಾರಿ ಒಂದೇ ಅಲ್ಲ. ಅರಸೀಕೆರೆ ತಾಲ್ಲೂಕು ಹಾಸನ ಉಪವಿಭಾಗಕ್ಕೆ ಸೇರಿದೆ. ಹಳೇಬೀಡು ಹೋಬಳಿಯನ್ನು ಒಳಗೊಂಡ ಬೇಲೂರು ತಾಲ್ಲೂಕು ಸಕಲೇಶಪುರ ಉಪವಿಭಾಗದಲ್ಲಿದೆ. ಹೀಗಾಗಿ ತಹಶೀಲ್ದಾರರ ಆದೇಶದ ಮೇಲಿನ ಕಂದಾಯ ಮೇಲ್ಮನವಿಗೆ ಒಂದು ಕಡೆಯವರು ಹಾಸನಕ್ಕೆ, ಇನ್ನೊಂದು ಕಡೆಯವರು ಸಕಲೇಶಪುರಕ್ಕೆ ಹೋಗಬೇಕು. ರಿಟ್ ಅರ್ಜಿಗೆ ಎಲ್ಲರಿಗೂ ಬೆಂಗಳೂರಿನ ಹೈಕೋರ್ಟ್ ಪ್ರಧಾನ ಪೀಠವೇ ಗತಿ. 2008ರಲ್ಲಿ ಧಾರವಾಡ, ಕಲಬುರಗಿಗಳಲ್ಲಿ ಆರಂಭವಾದ ಪೀಠಗಳ ವ್ಯಾಪ್ತಿಗೆ ಹಾಸನ ಜಿಲ್ಲೆ ಬರುವುದಿಲ್ಲ.

ಕಾನೂನಿನ ಚೌಕಟ್ಟು

ಸಂವಿಧಾನದ 226ನೇ ವಿಧಿ ಹೈಕೋರ್ಟಿಗೆ ರಿಟ್ ಅಧಿಕಾರ ಕೊಟ್ಟಿದೆ. ತಿರಸ್ಕಾರ ಮನಸೋಇಚ್ಛೆಯದಾದರೆ ಅದು 14ನೇ ವಿಧಿಯ ಸಮಾನತೆಗೆ ವಿರುದ್ಧ ಎಂಬುದು ಇಂಥ ಅರ್ಜಿಗಳ ಸಾಮಾನ್ಯ ವಾದ. ಹೈಕೋರ್ಟ್ ಇಲ್ಲಿ ಮೇಲ್ಮನವಿ ಪ್ರಾಧಿಕಾರದಂತೆ ಕೂತು ಅರ್ಜಿಯನ್ನು ತಾನೇ ಮಂಜೂರು ಮಾಡುವುದಿಲ್ಲ. ತೀರ್ಮಾನಕ್ಕೆ ಬಂದ ದಾರಿ ಸರಿಯೇ ಎಂದು ನೋಡುತ್ತದೆ. ಆ ಪರಿಶೀಲನೆಯಲ್ಲಿ ಮುಖ್ಯವಾಗಿ ನಾಲ್ಕು ಪ್ರಶ್ನೆಗಳು ಬರುತ್ತವೆ.

ಮೊದಲನೆಯದು, ಕೇಳಿದ ದಾಖಲೆಯನ್ನು ಯಾವ ಕಾಯ್ದೆ, ನಿಯಮ ಅಥವಾ ಅಧಿಸೂಚನೆ ಕೇಳಿತ್ತು ಎಂಬುದು. ನಿಯಮದಲ್ಲಿ ಇಲ್ಲದ ಕಾಗದವನ್ನು ಕಚೇರಿಯ ರೂಢಿಯೆಂದು ಕೇಳಿ, ಅದಿಲ್ಲವೆಂದು ಅರ್ಜಿ ವಜಾ ಮಾಡಿದರೆ ಆದೇಶ ನಿಲ್ಲುವುದು ಕಷ್ಟ. ಎರಡನೆಯದು, ದಾಖಲೆ ಇಲ್ಲದಿದ್ದರೆ ಅರ್ಜಿ ತಿರಸ್ಕೃತವಾಗುತ್ತದೆ ಎಂದು ನಿಯಮವೇ ಹೇಳಿದೆಯೇ ಎಂಬುದು. ‘ಲಗತ್ತಿಸತಕ್ಕದ್ದು’ ಎಂದು ಹೇಳಿ ಪರಿಣಾಮವನ್ನು ಹೇಳದ ನಿಯಮವನ್ನು ನಿರ್ದೇಶನ ಮಾತ್ರವೆಂದು ಓದುವುದಕ್ಕೆ ಅವಕಾಶವಿರುತ್ತದೆ. ಮೂರನೆಯದು, ಕೊರತೆಯನ್ನು ತುಂಬಿಕೊಡಲು ಅರ್ಜಿದಾರರಿಗೆ ತಿಳಿವಳಿಕೆ ಪತ್ರ ಹೋಗಿತ್ತೇ ಎಂಬುದು. ನಾಲ್ಕನೆಯದು, ಒಬ್ಬರಿಗೆ ಸಡಿಲಿಕೆ ಕೊಟ್ಟರೆ ಕಾಲಕ್ಕೆ ಸರಿಯಾಗಿ ಎಲ್ಲ ಕಾಗದ ಕೊಟ್ಟ ಇನ್ನೊಬ್ಬರಿಗೆ ಅನ್ಯಾಯವಾಗುತ್ತದೆಯೇ ಎಂಬುದು. ಪೈಪೋಟಿಯಿಲ್ಲದ ಅರ್ಜಿಗಳಲ್ಲಿ, ಅಂದರೆ ಪಿಂಚಣಿ, ಖಾತೆ ಬದಲಾವಣೆ, ಪ್ರಮಾಣಪತ್ರದಂಥವುಗಳಲ್ಲಿ, ಈ ನಾಲ್ಕನೆಯ ಪ್ರಶ್ನೆ ಹುಟ್ಟುವುದೇ ಇಲ್ಲ. ನ್ಯಾಯಾಲಯಗಳ ಉದಾರತೆ ಅಲ್ಲಿ ಹೆಚ್ಚಾಗಿ ಕಾಣುವುದಕ್ಕೆ ಇದೇ ಕಾರಣ.

ಕಾರಣಗಳ ವಿಷಯದಲ್ಲಿ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ ತತ್ತ್ವ ಮುಖ್ಯವಾದದ್ದು. 1977ರ ಈ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ಆದೇಶದ ಸಿಂಧುತ್ವವನ್ನು ಅದರಲ್ಲೇ ಬರೆದ ಕಾರಣಗಳಿಂದ ಅಳೆಯಬೇಕು, ಆಮೇಲೆ ನ್ಯಾಯಾಲಯಕ್ಕೆ ಅಫಿಡವಿಟ್ ಸಲ್ಲಿಸಿ ಹೊಸ ಕಾರಣ ಸೇರಿಸಲು ಬರುವುದಿಲ್ಲ ಎಂದಿತು. ‘ದಾಖಲೆ ಅಪೂರ್ಣ’ ಎಂದಷ್ಟೇ ಹಿಂಬರಹ ಕೊಟ್ಟ ಕಚೇರಿ, ಯಾವ ದಾಖಲೆ ಎಂಬುದನ್ನು ಮೊದಲ ಬಾರಿಗೆ ಹೈಕೋರ್ಟಿನ ಮುಂದೆ ವಿವರಿಸಹೊರಟರೆ ಈ ತೀರ್ಪು ಅಡ್ಡ ನಿಲ್ಲುತ್ತದೆ. 2010ರ ಕ್ರಾಂತಿ ಅಸೋಸಿಯೇಟ್ಸ್ ತೀರ್ಪು ಕಾರಣ ಬರೆಯುವ ಹೊಣೆಯನ್ನು ಇನ್ನಷ್ಟು ವಿಸ್ತಾರವಾಗಿ ಹೇಳಿದೆ.

ನ್ಯಾಯಾಲಯಗಳು ತಮ್ಮ ಮುಂದೆ ಬರುವ ಅಪೂರ್ಣ ಕಾಗದಗಳನ್ನು ನಡೆಸಿಕೊಳ್ಳುವ ರೀತಿಯೂ ಇಲ್ಲಿ ಪ್ರಸ್ತುತ. ಹೈಕೋರ್ಟ್ ರಿಜಿಸ್ಟ್ರಿಯಲ್ಲಿ ಕುಂದಿರುವ ಅರ್ಜಿಗೆ ‘ಕಚೇರಿ ಆಕ್ಷೇಪಣೆ’ ಹಾಕಿ, ಸರಿಪಡಿಸಲು ಕಾಲಾವಕಾಶ ಕೊಡುತ್ತಾರೆ. ಉದಯ ಶಂಕರ್ ತ್ರಿಯಾರ್ ಪ್ರಕರಣದಲ್ಲಿ 2005ರಲ್ಲಿ ಸುಪ್ರೀಂ ಕೋರ್ಟ್, ಮೇಲ್ಮನವಿಯಲ್ಲಿ ಸಹಿ ಅಥವಾ ವಕಾಲತ್ತಿನ ಕುಂದಿದ್ದರೆ ಅದನ್ನು ತಿದ್ದಲು ಅವಕಾಶ ಕೊಡಬೇಕು, ವಿಧಾನದ ಕುಂದು ಹಕ್ಕನ್ನು ಸೋಲಿಸಬಾರದು ಎಂದಿದೆ.

ಭೂಮಿ: ನಮೂನೆ 7ರಿಂದ ನಮೂನೆ 57ರವರೆಗೆ

ಕರ್ನಾಟಕದಲ್ಲಿ ಅರ್ಜಿ ನಮೂನೆಯೊಂದು ಹಳ್ಳಿಯ ಮಾತಿಗೆ ಸೇರಿಹೋದದ್ದು ಭೂಸುಧಾರಣೆಯ ಕಾಲದಲ್ಲಿ. 1961ರ ಕರ್ನಾಟಕ ಭೂಸುಧಾರಣಾ ಕಾಯ್ದೆಗೆ ಮಾಡಿದ ತಿದ್ದುಪಡಿ 1974ರ ಮಾರ್ಚ್ 1ರಂದು ಜಾರಿಗೆ ಬಂದು, ಗೇಣಿಯಲ್ಲಿದ್ದ ಜಮೀನುಗಳು ಸರ್ಕಾರದಲ್ಲಿ ನಿಹಿತವಾದವು. ಅಧಿಭೋಗದಾರಿಕೆ ಹಕ್ಕು ಬೇಕಾದ ಗೇಣಿದಾರರು ನಮೂನೆ 7ರಲ್ಲಿ ಭೂನ್ಯಾಯಮಂಡಳಿಗೆ ಅರ್ಜಿ ಹಾಕಬೇಕಿತ್ತು. ಹಲವು ಬಾರಿ ಮುಂದಕ್ಕೆ ಹೋದ ಕಡೆಯ ದಿನಾಂಕ 1979ರ ಜೂನ್ 30ಕ್ಕೆ ನಿಂತಿತು.

ಓದುಬರಹವಿಲ್ಲದ ಗೇಣಿದಾರರು ಬೇರೆಯವರಿಂದ ಬರೆಸಿದ ಅರ್ಜಿಗಳಲ್ಲಿ ಸರ್ವೆ ನಂಬರು ತಪ್ಪಿದ್ದು, ವಿಸ್ತೀರ್ಣ ಬಿಟ್ಟದ್ದು, ಗೇಣಿ ಚೀಟಿ ಇಲ್ಲದ್ದು ಸಾಮಾನ್ಯ. ಗಡುವು ಮುಗಿದ ಮೇಲೆ ಇವನ್ನು ತಿದ್ದಬಹುದೇ ಎಂಬುದು ಹೈಕೋರ್ಟಿನ ಮುಂದೆ ಮತ್ತೆ ಮತ್ತೆ ಬಂದ ಪ್ರಶ್ನೆ. ಅರ್ಜಿ ಹಾಕಿದ ಜಮೀನು ಯಾವುದೆಂದು ಬೇರೆ ವಿವರಗಳಿಂದ ಗೊತ್ತಾಗುವಾಗ ನಂಬರಿನ ತಪ್ಪು ತಿದ್ದುವುದು ಒಂದು, ತಿದ್ದುಪಡಿಯ ಹೆಸರಿನಲ್ಲಿ ಹೊಸ ಜಮೀನನ್ನೇ ಸೇರಿಸುವುದು ಇನ್ನೊಂದು. ಮೊದಲನೆಯದಕ್ಕೆ ದಾರಿ ಸಿಕ್ಕಿತು, ಎರಡನೆಯದು ಗಡುವನ್ನೇ ಮೀರಿದ ಹೊಸ ಅರ್ಜಿ ಎನಿಸಿಕೊಂಡಿತು. ಇನ್ನೊಂದು ಬಗೆಯ ವ್ಯಾಜ್ಯ ನ್ಯಾಯಮಂಡಳಿಯ ವಿಚಾರಣೆಯ ಬಗೆಗಿನದು. 1974ರ ಭೂಸುಧಾರಣಾ ನಿಯಮಗಳ 17ನೇ ನಿಯಮದಂತೆ ಸಾಕ್ಷ್ಯ ದಾಖಲಿಸದೆ ಅವಸರದಲ್ಲಿ ಹೊರಡಿಸಿದ ಆದೇಶಗಳು ರದ್ದಾಗಿ, ಪ್ರಕರಣಗಳು ಮತ್ತೆ ಅದೇ ಮಂಡಳಿಗೆ ಬಂದವು. ಮೇಲ್ಮನವಿ ಪ್ರಾಧಿಕಾರ ಮೊದಲು ಇರಲಿಲ್ಲವಾದ್ದರಿಂದ ರಿಟ್ ಅರ್ಜಿಗಳು ಹೈಕೋರ್ಟಿಗೆ ಹರಿದುಬಂದವು. 1986ರಲ್ಲಿ ಮೇಲ್ಮನವಿ ಪ್ರಾಧಿಕಾರಗಳು ಬಂದರೂ ಹೆಚ್ಚು ವರ್ಷ ಉಳಿಯಲಿಲ್ಲ.

ಬಗರ್‌ಹುಕುಂ ಸಾಗುವಳಿಯ, ಅಂದರೆ ಸರ್ಕಾರಿ ಜಮೀನಿನಲ್ಲಿ ಅನುಮತಿಯಿಲ್ಲದೆ ಮಾಡಿದ ಸಾಗುವಳಿಯ, ಸಕ್ರಮೀಕರಣ ಇದರ ಮುಂದಿನ ಅಧ್ಯಾಯ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಗೆ 94-ಎ ಕಲಂ ಸೇರಿ, 1990ರ ಏಪ್ರಿಲ್ 14ಕ್ಕೆ ಮೊದಲು ಸಾಗುವಳಿ ಮಾಡುತ್ತಿದ್ದವರಿಗೆ ನಮೂನೆ 50ರಲ್ಲಿ ಅರ್ಜಿ ಹಾಕಲು 1991ರಲ್ಲಿ ಅವಕಾಶವಾಯಿತು. ಆಗ ಬಿಟ್ಟುಹೋದವರಿಗೆ 1990ರ ದಶಕದ ಕೊನೆಯಲ್ಲಿ 94-ಬಿ ಕಲಂ ಅಡಿ ನಮೂನೆ 53 ಬಂತು. 2018ರ ತಿದ್ದುಪಡಿಯ ನಂತರ 2005ರ ಜನವರಿ 1ಕ್ಕೆ ಮೊದಲಿನ ಸಾಗುವಳಿಗೆ ನಮೂನೆ 57 ಬಂತು. ಅರ್ಜಿಗಳನ್ನು ತಾಲ್ಲೂಕು ಮಟ್ಟದ ಬಗರ್‌ಹುಕುಂ ಸಮಿತಿ ತೀರ್ಮಾನಿಸುತ್ತದೆ. ಸಾಮಾನ್ಯವಾಗಿ ಕ್ಷೇತ್ರದ ಶಾಸಕರೇ ಅಧ್ಯಕ್ಷರು, ತಹಶೀಲ್ದಾರರು ಸದಸ್ಯ ಕಾರ್ಯದರ್ಶಿ. ಮಂಜೂರಾದವರಿಗೆ ಸಾಗುವಳಿ ಚೀಟಿ ಸಿಗುತ್ತದೆ.

ಇಲ್ಲಿ ‘ದಾಖಲೆ ಇಲ್ಲ’ ಎಂಬ ತಿರಸ್ಕಾರವನ್ನೂ ‘ಅರ್ಹತೆ ಇಲ್ಲ’ ಎಂಬ ತಿರಸ್ಕಾರವನ್ನೂ ಬೇರ್ಪಡಿಸಿ ನೋಡಬೇಕು. ನಗರಸಭೆಯ ಗಡಿಯಿಂದ 5 ಕಿ.ಮೀ., ಪುರಸಭೆಯ ಗಡಿಯಿಂದ 3 ಕಿ.ಮೀ. ಒಳಗಿನ ಜಮೀನನ್ನು ಸಕ್ರಮ ಮಾಡಲು ಕಾಯ್ದೆ ಬಿಡುವುದಿಲ್ಲ. ಅರಸೀಕೆರೆ ನಗರಸಭೆಯ ಸೆರಗಿನ ಹಳ್ಳಿಯ ರೈತ ಎಷ್ಟು ಕಾಗದ ತಂದರೂ ಈ ಅಡ್ಡಿ ನೀಗುವುದಿಲ್ಲ. ಬೇಲೂರು ಪುರಸಭೆಯ ಸುತ್ತ ಈ ವರ್ತುಲ ಕಿರಿದು. ಗೋಮಾಳದ ವಿಷಯದಲ್ಲೂ ಹಾಗೆಯೇ. ಊರಿನ 100 ಜಾನುವಾರಿಗೆ ಸುಮಾರು 30 ಎಕರೆಯಂತೆ ಮೇವಿನ ಜಾಗ ಉಳಿಯಬೇಕು ಎಂಬುದು ಭೂಕಂದಾಯ ನಿಯಮಗಳ 97ನೇ ನಿಯಮ. ಅಷ್ಟು ಉಳಿಯದಿದ್ದರೆ ಮಂಜೂರಾತಿಗೆ ಜಮೀನೇ ಇಲ್ಲ. ಅರಣ್ಯ, ಕೆರೆ ಅಂಗಳ, ಅರ್ಜಿದಾರ ಸಾಗುವಳಿಗೆ ನಿಗದಿಯಾದ ದಿನಾಂಕಕ್ಕೆ ವಯಸ್ಕನಾಗಿರದಿರುವುದು, ಹಿಡುವಳಿಯ ಮಿತಿ ಮೀರಿರುವುದು ಇವೆಲ್ಲ ಅರ್ಹತೆಯ ಪ್ರಶ್ನೆಗಳು. ಇಂಥ ಕಡೆ ನ್ಯಾಯಾಲಯದಿಂದ ಸಿಗುವುದು ಹೆಚ್ಚೆಂದರೆ ಲೆಕ್ಕ ಸರಿಯಾಗಿ ಹಾಕಿದ್ದಾರೆಯೇ ಎಂಬ ಪರಿಶೀಲನೆ.

ದಾಖಲೆಯ ಕೊರತೆಯೆಂದರೆ ಬೇರೆ. ಸಾಗುವಳಿಗೆ ಸಾಕ್ಷಿಯಾಗಿ ಅರ್ಜಿದಾರರು ತರುವುದು ದಂಡ ಕಟ್ಟಿದ ಟಿ.ಟಿ. ರಸೀದಿ, ಪಹಣಿಯಲ್ಲಿ ಎಂದೋ ಬಿದ್ದ ನಮೂದು, ಮಹಜರು, ಹಳೆಯ ಅರ್ಜಿಯ ಸ್ವೀಕೃತಿ. ಇವುಗಳ ಮೂಲ ಪ್ರತಿ ಇರುವುದು ಕಂದಾಯ ಇಲಾಖೆಯ ದಾಖಲೆ ಕೊಠಡಿಯಲ್ಲೇ. ತನ್ನ ವಶದಲ್ಲಿರುವ ದಾಖಲೆಯನ್ನು ತಾನೇ ನೋಡದೆ ಅರ್ಜಿದಾರ ತರಲಿಲ್ಲವೆಂದು ವಜಾ ಮಾಡುವುದು ಎಷ್ಟು ಸರಿ ಎಂಬ ವಾದ ಈ ವ್ಯಾಜ್ಯಗಳ ತಿರುಳು. ಈಚಿನ ವರ್ಷಗಳಲ್ಲಿ ಬಗರ್‌ಹುಕುಂ ಆ್ಯಪ್ ಮೂಲಕ ಜಮೀನಿನ ಗಡಿ ಗುರುತಿಸಿ, ಉಪಗ್ರಹ ಚಿತ್ರದಿಂದ ಹಿಂದಿನ ಸಾಗುವಳಿಯನ್ನು ಪರಿಶೀಲಿಸುವ ಕ್ರಮ ಬಂದಿದೆ. ಕಾಗದದ ಜಾಗಕ್ಕೆ ಚಿತ್ರ ಬಂದಂತಾಗಿದ್ದರೂ, ಆ ಚಿತ್ರವನ್ನು ಅರ್ಜಿದಾರರಿಗೆ ತೋರಿಸಿ ಅವರ ಉತ್ತರ ಕೇಳಬೇಕು ಎಂಬ ಸಹಜ ನ್ಯಾಯದ ಬೇಡಿಕೆ ಹಾಗೆಯೇ ಉಳಿದಿದೆ.

ಅರಣ್ಯಹಕ್ಕು

2006ರ ಅರಣ್ಯಹಕ್ಕು ಕಾಯ್ದೆಯಡಿ ಪರಿಶಿಷ್ಟ ಪಂಗಡದವರು 2005ರ ಡಿಸೆಂಬರ್ 13ಕ್ಕೆ ಮೊದಲಿನ ಅನುಭೋಗವನ್ನು ತೋರಿಸಬೇಕು. ಇತರ ಪಾರಂಪರಿಕ ಅರಣ್ಯವಾಸಿಗಳು ಅದರ ಜೊತೆಗೆ ಮೂರು ತಲೆಮಾರು, ಅಂದರೆ 75 ವರ್ಷದ ವಾಸವನ್ನು ತೋರಿಸಬೇಕು. ಉತ್ತರ ಕನ್ನಡ, ಶಿವಮೊಗ್ಗಗಳಂಥ ಮಲೆನಾಡು ಜಿಲ್ಲೆಗಳಲ್ಲಿ ಬಹುಪಾಲು ಅರ್ಜಿಗಳು ಮುಗ್ಗರಿಸಿದ್ದು ಈ 75 ವರ್ಷದ ದಾಖಲೆಯಲ್ಲಿ. 2019ರ ಫೆಬ್ರವರಿ 13ರಂದು ವೈಲ್ಡ್‌ಲೈಫ್ ಫಸ್ಟ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಅರ್ಜಿ ತಿರಸ್ಕೃತವಾದವರನ್ನು ಒಕ್ಕಲೆಬ್ಬಿಸಲು ರಾಜ್ಯಗಳಿಗೆ ಸೂಚಿಸಿತು. ಆಗ ಅದರ ಮುಂದಿದ್ದ ಲೆಕ್ಕದಲ್ಲಿ ಕರ್ನಾಟಕದ ಪಾಲು ಪರಿಶಿಷ್ಟ ಪಂಗಡಗಳ 35,521, ಇತರ ಪಾರಂಪರಿಕ ಅರಣ್ಯವಾಸಿಗಳ 1,41,019 ತಿರಸ್ಕೃತ ಅರ್ಜಿಗಳು. ಫೆಬ್ರವರಿ 28ರಂದು ನ್ಯಾಯಾಲಯವೇ ಆ ಆದೇಶವನ್ನು ತಡೆಹಿಡಿದು, ತಿರಸ್ಕಾರ ಯಾವ ಕ್ರಮದಲ್ಲಿ ನಡೆಯಿತು ಎಂಬ ವಿವರ ಕೇಳಿತು.

ಈ ಕಾಯ್ದೆಯ ನಿಯಮಗಳು ಕಾಗದದ ವಿಷಯದಲ್ಲಿ ಸಾಕಷ್ಟು ಉದಾರವಾಗಿವೆ. 13ನೇ ನಿಯಮ ಸಾರ್ವಜನಿಕ ದಾಖಲೆಗಳ ಜೊತೆಗೆ ಊರ ಹಿರಿಯರ ಬರಹದ ಹೇಳಿಕೆ, ಮನೆ, ಬಾವಿ, ಸಮಾಧಿಯಂಥ ಭೌತಿಕ ಗುರುತುಗಳನ್ನೂ ಸಾಕ್ಷ್ಯವೆನ್ನುತ್ತದೆ. 2012ರಲ್ಲಿ ಸೇರಿದ 12-ಎ ನಿಯಮದ ಪ್ರಕಾರ, ಗ್ರಾಮಸಭೆಯ ಶಿಫಾರಸು ಅಪೂರ್ಣವಾಗಿದ್ದರೆ ಉಪವಿಭಾಗ ಅಥವಾ ಜಿಲ್ಲಾ ಸಮಿತಿ ಅರ್ಜಿಯನ್ನು ತಿರಸ್ಕರಿಸದೆ ಮರುಪರಿಶೀಲನೆಗೆ ಗ್ರಾಮಸಭೆಗೆ ಕಳಿಸಬೇಕು. ಉಪಗ್ರಹ ಚಿತ್ರ ಬೇರೆ ಸಾಕ್ಷ್ಯಕ್ಕೆ ಪೂರಕವೇ ಹೊರತು ಬದಲಿಯಲ್ಲ ಎಂದೂ ಅದು ಹೇಳುತ್ತದೆ. ಅಪೂರ್ಣ ಅರ್ಜಿಯನ್ನು ಏನು ಮಾಡಬೇಕೆಂದು ಶಾಸನವೇ ಇಷ್ಟು ಬಿಡಿಸಿ ಹೇಳಿದ ಉದಾಹರಣೆಗಳು ಕಡಿಮೆ.

ನೇಮಕಾತಿ ಮತ್ತು ಪ್ರವೇಶ

ಪೈಪೋಟಿಯ ಅರ್ಜಿಗಳಲ್ಲಿ ನ್ಯಾಯಾಲಯಗಳ ನಿಲುವು ಎರಡು ಧಾರೆಯಲ್ಲಿ ಹರಿದಿದೆ. ಉದಾರ ಧಾರೆಯ ಮೂಲ 1980ರ ಚಾರ್ಲ್ಸ್ ಸ್ಕರಿಯಾ ತೀರ್ಪು. ಕೇರಳದ ಸ್ನಾತಕೋತ್ತರ ವೈದ್ಯಕೀಯ ಪ್ರವೇಶದಲ್ಲಿ ಡಿಪ್ಲೊಮಾ ಮುಗಿಸಿಯೂ ಪ್ರಮಾಣಪತ್ರ ಲಗತ್ತಿಸದವರ ಪ್ರಶ್ನೆ ಅಲ್ಲಿತ್ತು. ಕಡೆಯ ದಿನಾಂಕಕ್ಕೆ ವಿದ್ಯಾರ್ಹತೆ ಇರಬೇಕಾದದ್ದು ಮುಖ್ಯ, ಅದರ ರುಜುವಾತು ಆಮೇಲೆ ಬಂದರೂ ಆಯ್ಕೆಗೆ ಮೊದಲು ಬಂದರೆ ಸಾಕು ಎಂದು ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ವಿವರಿಸಿದರು. ಒಡಿಶಾದ ಡಾಲಿ ಛಾಂಡಾ ಪ್ರಕರಣದಲ್ಲಿ (2005) ಮಾಜಿ ಸೈನಿಕರ ಕೋಟಾದ ಪ್ರಮಾಣಪತ್ರದಲ್ಲಿ ಬರೆದುಕೊಟ್ಟ ಕಚೇರಿಯದೇ ತಪ್ಪಿತ್ತು, ವಿದ್ಯಾರ್ಥಿನಿಗೆ ಪರಿಹಾರ ಸಿಕ್ಕಿತು. ರಾಮ್‌ಕುಮಾರ್ ಗಿಜ್‌ರೋಯಾ ಪ್ರಕರಣದಲ್ಲಿ (2016) ಗಡುವಿನ ನಂತರ ಕೊಟ್ಟ ಹಿಂದುಳಿದ ವರ್ಗದ ಪ್ರಮಾಣಪತ್ರವನ್ನು ಒಪ್ಪಲಾಯಿತು. ಜಾತಿ ಹುಟ್ಟಿನಿಂದ ಬಂದದ್ದು, ಪ್ರಮಾಣಪತ್ರ ಅದನ್ನು ದೃಢಪಡಿಸುತ್ತದೆಯಷ್ಟೆ ಎಂಬುದು ಇದರ ಹಿಂದಿನ ವಿಚಾರ. ಬಿಹಾರದ ವಶಿಷ್ಠ ನಾರಾಯಣ ಕುಮಾರ್ ಪ್ರಕರಣದಲ್ಲಿ (2024) ಪೊಲೀಸ್ ಹುದ್ದೆಯ ಆನ್‌ಲೈನ್ ಅರ್ಜಿಯಲ್ಲಿ 18ರ ಬದಲು 8 ಎಂದು ಬಿದ್ದ ಜನ್ಮದಿನಾಂಕ ಕ್ಷುಲ್ಲಕ ತಪ್ಪೆಂದು ತೀರ್ಮಾನವಾಯಿತು. ಆ ತಪ್ಪಿನಿಂದ ಅಭ್ಯರ್ಥಿಗೆ ಯಾವ ಲಾಭವೂ ಆಗಿರಲಿಲ್ಲ.

ಕಠಿಣ ಧಾರೆಗೆ 2011ರ ಬೇದಾಂಗ ತಾಲೂಕ್‌ದಾರ್ ತೀರ್ಪು ಮಾದರಿ. ಜಾಹೀರಾತಿನಲ್ಲಿ ಸಡಿಲಿಕೆಯ ಅಧಿಕಾರ ಹೇಳಿಲ್ಲದಿದ್ದರೆ ಒಬ್ಬರಿಗಾಗಿ ಷರತ್ತು ಸಡಿಲಿಸುವುದು, ಅದೇ ಷರತ್ತಿಗೆ ಹೆದರಿ ಅರ್ಜಿಯನ್ನೇ ಹಾಕದವರಿಗೆ ಮಾಡುವ ಅನ್ಯಾಯ ಎಂಬುದು ಅದರ ತರ್ಕ. 2023ರ ದಿವ್ಯಾ ಪ್ರಕರಣದಲ್ಲಿ ಆರ್ಥಿಕವಾಗಿ ಹಿಂದುಳಿದ ವರ್ಗದ ಪ್ರಮಾಣಪತ್ರವನ್ನು ನಿಗದಿತ ದಿನಾಂಕದ ಒಳಗೆ ಪಡೆದಿರಬೇಕೆಂಬ ಯುಪಿಎಸ್‌ಸಿ ನಿಯಮವನ್ನು ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ಆದಾಯ ವರ್ಷದಿಂದ ವರ್ಷಕ್ಕೆ ಬದಲಾಗುತ್ತದೆ. ಆ ವರ್ಗಕ್ಕೆ ಸೇರಿದವರೆನ್ನಲು ಆಯಾ ವರ್ಷದ ಪ್ರಮಾಣಪತ್ರ ಕೈಯಲ್ಲಿರಬೇಕೆಂದು ನಿಯಮವೇ ಹೇಳಿತ್ತು. ಗಿಜ್‌ರೋಯಾ ಮತ್ತು ದಿವ್ಯಾ ತೀರ್ಪುಗಳನ್ನು ಒಟ್ಟಿಗಿಟ್ಟು ಓದಿದರೆ ಸಾಕ್ಷಿಯಾದ ಕಾಗದಕ್ಕೂ ಅರ್ಹತೆಯಾದ ಕಾಗದಕ್ಕೂ ಇರುವ ಅಂತರ ಸ್ಪಷ್ಟವಾಗುತ್ತದೆ.

ಕರ್ನಾಟಕದ ಈಚಿನ ದೊಡ್ಡ ಉದಾಹರಣೆ 2022ರ ಪದವೀಧರ ಪ್ರಾಥಮಿಕ ಶಾಲಾ ಶಿಕ್ಷಕರ ನೇಮಕಾತಿ. 15,000 ಹುದ್ದೆಗಳ ಆಯ್ಕೆಯಲ್ಲಿ, ತಂದೆಯ ಹೆಸರಿನ ಜಾತಿ ಮತ್ತು ಆದಾಯ ಪ್ರಮಾಣಪತ್ರ ಕೊಟ್ಟಿದ್ದ ವಿವಾಹಿತ ಮಹಿಳೆಯರಿಗೆ ಪತಿಯ ಆದಾಯದ ಪ್ರಮಾಣಪತ್ರ ಇಲ್ಲವೆಂದು ಮೀಸಲಾತಿ ಸಿಗಲಿಲ್ಲ, ಅವರು ಸಾಮಾನ್ಯ ವರ್ಗಕ್ಕೆ ಸೇರಿದರು. 2022ರ ನವೆಂಬರ್‌ನಲ್ಲಿ ಹೊರಟ ತಾತ್ಕಾಲಿಕ ಆಯ್ಕೆಪಟ್ಟಿಯನ್ನು ಹೈಕೋರ್ಟಿನ ಏಕಸದಸ್ಯ ಪೀಠ 2023ರ ಜನವರಿಯಲ್ಲಿ ರದ್ದುಮಾಡಿ, ತಂದೆಯ ಆದಾಯದ ಪ್ರಮಾಣಪತ್ರವನ್ನೇ ಪರಿಗಣಿಸಲು ಹೇಳಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ವಿಭಾಗೀಯ ಪೀಠ ಆ ಆದೇಶವನ್ನು ತಳ್ಳಿಹಾಕಿತು. ನೇಮಕಾತಿಯ ವ್ಯಾಜ್ಯ ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯ ಮುಂದೆ ಹೋಗಬೇಕು ಎಂಬುದು ಅದರ ನಿಲುವು. ಒಂದೇ ಪ್ರಮಾಣಪತ್ರದ ಸುತ್ತ, ಯಾರ ಆದಾಯ ಲೆಕ್ಕಕ್ಕೆ ಬರಬೇಕು ಎಂಬ ಪ್ರಶ್ನೆಯೂ ಯಾವ ಬಾಗಿಲು ಮೊದಲು ತಟ್ಟಬೇಕು ಎಂಬ ಪ್ರಶ್ನೆಯೂ ಹೆಣೆದುಕೊಂಡಿದ್ದವು. ಗ್ರಾಮೀಣ ವ್ಯಾಸಂಗ, ಕನ್ನಡ ಮಾಧ್ಯಮ, ಸಂವಿಧಾನದ 371-ಜೆ ವಿಧಿಯ ಪ್ರದೇಶದ ಪ್ರಮಾಣಪತ್ರಗಳೂ ರಾಜ್ಯದ ನೇಮಕಾತಿಗಳಲ್ಲಿ ಇದೇ ಬಗೆಯ ತಕರಾರಿಗೆ ಒಳಗಾಗುವ ಕಾಗದಗಳು.

ನಾಮಪತ್ರ

ಚುನಾವಣೆಯಲ್ಲಿ ನ್ಯಾಯಾಲಯದ ಬಾಗಿಲು ತಡವಾಗಿ ತೆರೆಯುತ್ತದೆ. ಮೊದಲ ಸಾರ್ವತ್ರಿಕ ಚುನಾವಣೆಯ ಹೊತ್ತಿನಲ್ಲೇ, ಆಗಿನ ಮದರಾಸು ರಾಜ್ಯದ ನಾಮಕ್ಕಲ್ ಕ್ಷೇತ್ರದಲ್ಲಿ ನಾಮಪತ್ರ ತಿರಸ್ಕೃತವಾದ ಎನ್.ಪಿ. ಪೊನ್ನುಸ್ವಾಮಿ ಹೈಕೋರ್ಟಿಗೆ ಹೋದರು. 1952ರ ಜನವರಿಯಲ್ಲಿ ಸುಪ್ರೀಂ ಕೋರ್ಟ್, 329ನೇ ವಿಧಿಯ ಪ್ರಕಾರ ಚುನಾವಣೆ ಮುಗಿಯುವ ಮೊದಲು ನಡುವೆ ಬರುವಂತಿಲ್ಲ, ಚುನಾವಣಾ ತಕರಾರು ಅರ್ಜಿಯೊಂದೇ ದಾರಿ ಎಂದಿತು. ವಿಧಾನಸಭೆ, ಲೋಕಸಭೆ ಚುನಾವಣೆಗಳಲ್ಲಿ ಈಗ ಆ ಅರ್ಜಿಯನ್ನು ಫಲಿತಾಂಶದ 45 ದಿನಗಳೊಳಗೆ ಹೈಕೋರ್ಟಿಗೆ ಸಲ್ಲಿಸಬೇಕು.

ತಡವಾದರೂ ಪರಿಣಾಮ ದೊಡ್ಡದು. 1951ರ ಜನಪ್ರಾತಿನಿಧ್ಯ ಕಾಯ್ದೆಯ 36ನೇ ಕಲಂ ಪ್ರಕಾರ ಗಣನೀಯವಲ್ಲದ ಕುಂದಿಗಾಗಿ ನಾಮಪತ್ರ ತಿರಸ್ಕರಿಸಬಾರದು. ತಪ್ಪಾಗಿ ತಿರಸ್ಕರಿಸಿದ್ದು ಸಾಬೀತಾದರೆ 100ನೇ ಕಲಂ ಅಡಿ ಗೆದ್ದವರ ಚುನಾವಣೆಯೇ ಅಸಿಂಧುವಾಗುತ್ತದೆ. ಖಾಲಿ ಅಂಕಣಗಳ ಬಗ್ಗೆ 2013ರ ರಿಸರ್ಜೆನ್ಸ್ ಇಂಡಿಯಾ ತೀರ್ಪು ನಡುದಾರಿ ಹಿಡಿದಿದೆ. ನಾಮಪತ್ರದ ಜೊತೆಗಿನ ಅಫಿಡವಿಟ್‌ನ ಅಂಕಣ ತುಂಬದಿದ್ದರೆ ಚುನಾವಣಾಧಿಕಾರಿ ಮೊದಲು ನೆನಪಿಸಬೇಕು, ಆಮೇಲೂ ತುಂಬದಿದ್ದರೆ ತಿರಸ್ಕರಿಸಬಹುದು. ಮತದಾರನಿಗೆ ಅಭ್ಯರ್ಥಿಯ ವಿವರ ತಿಳಿಯುವ ಹಕ್ಕಿದೆ, ಖಾಲಿ ಬಿಟ್ಟ ಅಂಕಣ ಆ ಹಕ್ಕಿಗೆ ಅಡ್ಡಿ ಎಂಬುದು ಕಾರಣ.

ಟೆಂಡರ್

ಟೆಂಡರಿನ ಕಾಗದಗಳ ಕುರಿತ ಮುಖ್ಯ ತೀರ್ಪೊಂದು ಕರ್ನಾಟಕದಿಂದಲೇ ಹೋದದ್ದು. 1990ರ ಜಿ.ಜೆ. ಫರ್ನಾಂಡಿಸ್ ಪ್ರಕರಣದಲ್ಲಿ ಕರ್ನಾಟಕ ವಿದ್ಯುತ್ ನಿಗಮದ ಕಾಮಗಾರಿಗೆ ಸ್ಪರ್ಧಿಸಿದವರು ಕೆಲವು ದಾಖಲೆಗಳನ್ನು ಗಡುವಿಗೆ ಕೊಟ್ಟಿರಲಿಲ್ಲ ಎಂಬುದು ವಿವಾದ. ಷರತ್ತನ್ನು ಎಲ್ಲರಿಗೂ ಒಂದೇ ಸಮನಾಗಿ ಸಡಿಲಿಸಿದ್ದು ಯಾರಿಗೂ ಅನ್ಯಾಯ ಮಾಡದಿದ್ದರೆ ನ್ಯಾಯಾಲಯ ನಡುವೆ ಬರಬೇಕಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಮರುವರ್ಷದ ಪೊದ್ದಾರ್ ಸ್ಟೀಲ್ ತೀರ್ಪು ಅರ್ಹತೆಗೆ ಅವಶ್ಯವಾದ ಷರತ್ತು, ಆನುಷಂಗಿಕ ಷರತ್ತು ಎಂದು ಎರಡಾಗಿ ವಿಂಗಡಿಸಿತು. ಠೇವಣಿಯನ್ನು ಹೇಳಿದ ಬ್ಯಾಂಕಿನ ಬದಲು ಬೇರೆ ಬ್ಯಾಂಕಿನ ಚೆಕ್ಕಿನಲ್ಲಿ ಕೊಟ್ಟದ್ದು ಎರಡನೆಯ ಬಗೆಯದು. ರಾಜ್ಯದಲ್ಲಿ 1999ರ ಸಾರ್ವಜನಿಕ ಸಂಗ್ರಹಣೆಯಲ್ಲಿ ಪಾರದರ್ಶಕತೆ ಕಾಯ್ದೆಯ 16ನೇ ಕಲಂ ಅಡಿ ಮೊದಲು ಮೇಲ್ಮನವಿ ಹೋಗಬೇಕು.

ಸ್ಮಾರಕಗಳ ಸುತ್ತಲಿನ ಕಟ್ಟಡಗಳು

1958ರ ಪ್ರಾಚೀನ ಸ್ಮಾರಕಗಳ ಕಾಯ್ದೆಗೆ 2010ರಲ್ಲಿ ಆದ ತಿದ್ದುಪಡಿ ಕೇಂದ್ರದ ರಕ್ಷಣೆಯಲ್ಲಿರುವ ಸ್ಮಾರಕದ ಸುತ್ತ 100 ಮೀಟರನ್ನು ನಿಷೇಧಿತ ಪ್ರದೇಶ, ಅದರಾಚೆಯ 200 ಮೀಟರನ್ನು ನಿಯಂತ್ರಿತ ಪ್ರದೇಶ ಮಾಡಿದೆ. ಬೇಲೂರು, ಹಳೇಬೀಡುಗಳಲ್ಲಿ ಮಾತ್ರವಲ್ಲ, ಅರಸೀಕೆರೆಯ ಈಶ್ವರ ದೇವಾಲಯದ ಸುತ್ತಲೂ ಇದು ಅನ್ವಯಿಸುತ್ತದೆ. ನಿಯಂತ್ರಿತ ಪ್ರದೇಶದಲ್ಲಿ ಕಟ್ಟಲು ಸಕ್ಷಮ ಪ್ರಾಧಿಕಾರಿಗೆ ಅರ್ಜಿ ಹಾಕಬೇಕು, ರಾಷ್ಟ್ರೀಯ ಸ್ಮಾರಕ ಪ್ರಾಧಿಕಾರದ ಶಿಫಾರಸು ಬೇಕು. ಸ್ಮಾರಕದಿಂದ ದೂರದ ಅಳತೆ, ಕಟ್ಟಡದ ಎತ್ತರ, ಮಾಲೀಕತ್ವದ ದಾಖಲೆ ಇಲ್ಲದೆ ಅರ್ಜಿ ಮುಂದೆ ಹೋಗದು. ನಿರಾಕರಿಸುವ ಮೊದಲು ಅರ್ಜಿದಾರರಿಗೆ ಅಹವಾಲು ಹೇಳುವ ಅವಕಾಶ ಕೊಡಬೇಕು, ಲಿಖಿತ ಆದೇಶ ಹೊರಡಿಸಬೇಕು ಎಂದು ಕಾಯ್ದೆಯೇ ಹೇಳುತ್ತದೆ. ನಿಷೇಧಿತ 100 ಮೀಟರಿನೊಳಗೆ ಹೊಸ ಕಟ್ಟಡದ ಪ್ರಶ್ನೆಯೇ ಇಲ್ಲವಾದ್ದರಿಂದ ಅಲ್ಲಿ ಕಾಗದ ಪೂರ್ಣವಾಗಿದ್ದರೂ ಫಲವಿಲ್ಲ.

ಪಿಂಚಣಿ ಮತ್ತು ಪ್ರಮಾಣಪತ್ರ

ಸ್ವಾತಂತ್ರ್ಯ ಹೋರಾಟಗಾರರ ಪಿಂಚಣಿಯ ಪ್ರಕರಣಗಳಲ್ಲಿ ನ್ಯಾಯಾಲಯಗಳ ಮೃದು ನಿಲುವು ಎದ್ದು ಕಾಣುತ್ತದೆ. 1993ರ ಮುಕುಂದ್ ಲಾಲ್ ಭಂಡಾರಿ ತೀರ್ಪು, ತಡವಾಗಿ ಬಂದಿತೆಂದು ಇಂಥ ಅರ್ಜಿ ತಿರಸ್ಕರಿಸಬಾರದು ಎಂದಿತು. 2001ರ ಗುರುದಯಾಲ್ ಸಿಂಗ್ ತೀರ್ಪು, ಕ್ರಿಮಿನಲ್ ಮೊಕದ್ದಮೆಯ ಮಟ್ಟದ ರುಜುವಾತನ್ನು ಅವರಿಂದ ಕೇಳಬಾರದು ಎಂದಿತು. ಹಳೆಯ ಜೈಲು ದಾಖಲೆ ಉಳಿಸಿಕೊಳ್ಳುವುದು ಸೆರೆಯಲ್ಲಿದ್ದವರ ಕೆಲಸವಾಗಿರಲಿಲ್ಲ.

ನಾಡಕಚೇರಿಯಲ್ಲಿ ಸಿಗುವ ಜಾತಿ, ಆದಾಯ, ವಾಸಸ್ಥಳದ ಪ್ರಮಾಣಪತ್ರಗಳಂಥ ಸೇವೆಗಳು 2011ರ ‘ಸಕಾಲ’ ಕಾಯ್ದೆಯ ವ್ಯಾಪ್ತಿಯಲ್ಲಿವೆ. 2012ರ ಏಪ್ರಿಲ್‌ನಿಂದ ರಾಜ್ಯದಾದ್ಯಂತ ಜಾರಿಯಲ್ಲಿರುವ ಇದರಡಿ ಅರ್ಜಿಗೆ ಸ್ವೀಕೃತಿ ಸಂಖ್ಯೆ ಕೊಡಬೇಕು, ಗಡುವಿನೊಳಗೆ ಸೇವೆ ಕೊಡಬೇಕು ಅಥವಾ ಕಾರಣ ಬರೆದು ತಿರಸ್ಕರಿಸಬೇಕು. ಎರಡು ಹಂತದ ಮೇಲ್ಮನವಿ ಇದೆ. ತಡವಾದರೆ ದಿನಕ್ಕೆ 20 ರೂಪಾಯಿಯಂತೆ 500 ರೂಪಾಯಿವರೆಗೆ ಪರಿಹಾರ ವೆಚ್ಚ ಸಿಗುತ್ತದೆ. ಗಡುವಿನ ಒತ್ತಡ ಇಳಿಸಿಕೊಳ್ಳಲು ಕಡೆಯ ದಿನ ‘ದಾಖಲೆ ಅಪೂರ್ಣ’ ಎಂದು ಬರೆದು ಕಡತ ವಿಲೇವಾರಿ ಮಾಡಲು ದಾರಿಯಿರುವುದು ಇಂಥ ವ್ಯವಸ್ಥೆಯ ದೌರ್ಬಲ್ಯ.

ವ್ಯಾಜ್ಯದ ಕ್ರಮ

ತಿರಸ್ಕೃತ ಅರ್ಜಿದಾರರ ಮೊದಲ ಕೆಲಸ ಕಾರಣ ನಮೂದಾದ ಹಿಂಬರಹವನ್ನು ಲಿಖಿತವಾಗಿ ಪಡೆಯುವುದು. ಬಾಯಿಮಾತಿನ ನಿರಾಕರಣೆಯನ್ನು ಪ್ರಶ್ನಿಸುವುದು ಕಷ್ಟ. ಕಡತದಲ್ಲಿ ಯಾವ ದಾಖಲೆ ಇತ್ತು, ಯಾರು ಏನು ಟಿಪ್ಪಣಿ ಬರೆದರು ಎಂಬುದನ್ನು ಮಾಹಿತಿ ಹಕ್ಕಿನ ಮೂಲಕ ತೆಗೆಸಬಹುದು. ಕರ್ನಾಟಕದ ನಿಯಮದಂತೆ ಆ ಅರ್ಜಿ 150 ಪದಗಳೊಳಗೆ ಒಂದೇ ವಿಷಯಕ್ಕೆ ಸೀಮಿತವಾಗಿರಬೇಕು, ಇಲ್ಲವಾದರೆ ಅದಕ್ಕೂ ತಕರಾರು ಬರುತ್ತದೆ.

ಮುಂದಿನ ಹಂತ ಶಾಸನಬದ್ಧ ಮೇಲ್ಮನವಿ. ಕಂದಾಯ ವಿಷಯಕ್ಕೆ ಉಪವಿಭಾಗಾಧಿಕಾರಿ, ಜಿಲ್ಲಾಧಿಕಾರಿ, ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗಳ ಮೆಟ್ಟಿಲುಗಳಿವೆ. ನೌಕರಿಯ ವಿಷಯಕ್ಕೆ 1986ರಿಂದ ರಾಜ್ಯ ಆಡಳಿತ ನ್ಯಾಯಮಂಡಳಿ ಇದೆ, 1997ರ ಎಲ್. ಚಂದ್ರಕುಮಾರ್ ತೀರ್ಪಿನ ನಂತರ ಅದರ ಆದೇಶದ ಮೇಲೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ ಹೋಗಬಹುದು. ಮೇಲ್ಮನವಿಯನ್ನು ಬಿಟ್ಟು ನೇರ ರಿಟ್ ಹಾಕಿದರೆ ಹೈಕೋರ್ಟ್ ಸಾಮಾನ್ಯವಾಗಿ ಹಿಂದಕ್ಕೆ ಕಳಿಸುತ್ತದೆ. ಸಹಜ ನ್ಯಾಯದ ಉಲ್ಲಂಘನೆ, ಅಧಿಕಾರವ್ಯಾಪ್ತಿಯ ಅಭಾವ, ಮೂಲಭೂತ ಹಕ್ಕಿನ ಪ್ರಶ್ನೆ, ಕಾನೂನಿನ ಸಿಂಧುತ್ವದ ಪ್ರಶ್ನೆ ಇದ್ದರೆ ವಿನಾಯಿತಿ ಉಂಟೆಂದು 1998ರ ವರ್ಲ್‌ಪೂಲ್ ತೀರ್ಪು ಹೇಳಿದೆ. ತಿಳಿವಳಿಕೆ ಪತ್ರವೇ ಕೊಡದೆ ಅರ್ಜಿ ವಜಾ ಮಾಡಿದ್ದರೆ ಈ ವಿನಾಯಿತಿ ಉಪಯೋಗಕ್ಕೆ ಬರುತ್ತದೆ. ಏಕಸದಸ್ಯ ಪೀಠದ ತೀರ್ಪಿನ ಮೇಲೆ 1961ರ ಕರ್ನಾಟಕ ಹೈಕೋರ್ಟ್ ಕಾಯ್ದೆಯ 4ನೇ ಕಲಂ ಅಡಿ ರಿಟ್ ಮೇಲ್ಮನವಿ ಇದೆ. ರಿಟ್‌ಗೆ ಕಟ್ಟುನಿಟ್ಟಿನ ಕಾಲಮಿತಿ ಇಲ್ಲದಿದ್ದರೂ ವಿವರಣೆಯಿಲ್ಲದ ವಿಳಂಬ ಅರ್ಜಿದಾರರ ವಿರುದ್ಧವೇ ತಿರುಗುತ್ತದೆ.

ಹೊರದೇಶಗಳಲ್ಲಿ

ವಿದೇಶಕ್ಕೆ ಓದಲು, ದುಡಿಯಲು ಹೋಗುವ ಕನ್ನಡಿಗರಿಗೂ ಈ ಪ್ರಶ್ನೆ ಹೊಸದಲ್ಲ. ಬ್ರಿಟನ್ನಿನಲ್ಲಿ ಭಾರತೀಯ ವಿದ್ಯಾರ್ಥಿಯೊಬ್ಬರು ವೀಸಾ ಅರ್ಜಿಯೊಂದಿಗೆ 28 ದಿನಗಳ ಬದಲು 22 ದಿನಗಳ ಬ್ಯಾಂಕ್ ವಿವರ ಲಗತ್ತಿಸಿದ್ದರಿಂದ ಅರ್ಜಿ ತಿರಸ್ಕೃತವಾಯಿತು. ಕಾಣೆಯಾದ ಪುಟಗಳನ್ನು ಕೇಳಿ ಪಡೆಯಬೇಕೆಂದು ಗೃಹ ಇಲಾಖೆಯ ಒಳಸೂಚನೆಯೇ ಹೇಳಿತ್ತು, ಅದನ್ನು ಪಾಲಿಸದೆ ತಿರಸ್ಕರಿಸಿದ್ದು ತಪ್ಪು ಎಂದು ಅಲ್ಲಿನ ಸುಪ್ರೀಂ ಕೋರ್ಟ್ 2015ರಲ್ಲಿ ತೀರ್ಪಿತ್ತಿತು. ಅಮೆರಿಕದ ವಲಸೆ ಇಲಾಖೆ ಕೊರತೆಯಿರುವ ಅರ್ಜಿಗೆ ಹೆಚ್ಚಿನ ಸಾಕ್ಷ್ಯ ಕೇಳುವ ಪತ್ರ ಕಳಿಸುವ ಪದ್ಧತಿಯನ್ನು 2018ರಲ್ಲಿ ಬಿಗಿಮಾಡಿ, ಪತ್ರ ಕಳಿಸದೆಯೂ ನಿರಾಕರಿಸಲು ಅಧಿಕಾರಿಗಳಿಗೆ ಅವಕಾಶ ಕೊಟ್ಟಿತ್ತು. 2021ರ ಜೂನ್‌ನಲ್ಲಿ ಹಳೆಯ ಕ್ರಮಕ್ಕೆ ಮರಳಿತು.

ಮೌಲ್ಯಮಾಪನ

ಇಂಥ ವ್ಯಾಜ್ಯಗಳ ಬಗ್ಗೆ ಎರಡು ಕಡೆಯಿಂದಲೂ ಟೀಕೆಯಿದೆ. ಗಡುವು ಮತ್ತು ನಮೂನೆಗಳನ್ನು ಸಡಿಲಿಸುತ್ತ ಹೋದರೆ ಲಕ್ಷಾಂತರ ಅರ್ಜಿಗಳನ್ನು ನಿಭಾಯಿಸುವ ಸಂಸ್ಥೆಗಳು ಯಾವ ಆಯ್ಕೆಯನ್ನೂ ಮುಗಿಸಲಾರವು ಎಂಬುದು ಒಂದು. ನೋಟಿಸು ಕೊಡುವ ಸರಳ ಕೆಲಸ ಮಾಡದ ಕಚೇರಿಯಿಂದಾಗಿ ಬಡವರು ವರ್ಷಗಟ್ಟಲೆ ಬೆಂಗಳೂರಿಗೆ ಅಲೆಯಬೇಕಾಗುತ್ತದೆ ಎಂಬುದು ಇನ್ನೊಂದು. ಆನ್‌ಲೈನ್ ಅರ್ಜಿ ಬಂದ ಮೇಲೆ ತಕರಾರಿನ ರೂಪ ಬದಲಾಗಿದೆ. ಕಡ್ಡಾಯ ಅಂಕಣ ತುಂಬದೆ ಅರ್ಜಿ ಮುಂದಕ್ಕೆ ಹೋಗುವುದೇ ಇಲ್ಲವಾದ್ದರಿಂದ ಕೆಲವು ಬಗೆಯ ಕೊರತೆ ನೀಗಿದೆ. ಆದರೆ ಅರ್ಜಿ ದಾಖಲಾಗದಿದ್ದರೆ ತಿರಸ್ಕಾರದ ಆದೇಶವೂ ಇರುವುದಿಲ್ಲ, ಪ್ರಶ್ನಿಸಲು ಕೈಯಲ್ಲಿ ಕಾಗದವೂ ಇರುವುದಿಲ್ಲ.

ಗೆಲುವಿನ ಅಳತೆಯನ್ನೂ ಎಚ್ಚರದಿಂದ ನೋಡಬೇಕು. ಅರ್ಜಿದಾರರ ಪರ ಬಂದ ತೀರ್ಪಿನಲ್ಲಿ ಸಾಮಾನ್ಯವಾಗಿ ಇರುವುದು ಹಿಂಬರಹದ ರದ್ದತಿ ಮತ್ತು ಇಷ್ಟು ಕಾಲದೊಳಗೆ ಹೊಸದಾಗಿ ಪರಿಗಣಿಸಬೇಕೆಂಬ ನಿರ್ದೇಶನ. ಜಮೀನಾಗಲಿ ಹುದ್ದೆಯಾಗಲಿ ನೇರವಾಗಿ ಕೈಗೆ ಬರುವುದು ಅಪರೂಪ. ಕಡತ ಮತ್ತೆ ಅದೇ ಮೇಜಿಗೆ ಬರುತ್ತದೆ. ಈ ಬಾರಿ ಅಧಿಕಾರಿ ದಾಖಲೆ ಕೇಳಬೇಕು, ಉತ್ತರ ಓದಬೇಕು, ಕಾರಣ ಬರೆಯಬೇಕು. ಆಮೇಲೂ ಅರ್ಜಿ ವಜಾ ಆಗಬಹುದು. ಆಗ ಅದು ಅರ್ಜಿದಾರರ ಹಕ್ಕಿನ ಮೇಲೆ ಬಂದ ತೀರ್ಮಾನವಾಗಿರುತ್ತದೆ, ಮೊದಲ ಬಾರಿ ಅಷ್ಟೂ ಆಗಿರುವುದಿಲ್ಲ.